ಊರ ಪರವಾಗಿ ಉಗುಳಿದವನು

ಹೆಡ್ಲಿ ಪಾರ್ಡಿಗೆ ಎರಡು ಕೊರತೆಗಳಿದ್ದವು. ಮೊದಲನೆಯದು, ಅವನಿಗೆ ಚಹಾ ಆಗುತ್ತಿರಲಿಲ್ಲ. ಒಂದು ಗುಟುಕು ಒಳಗೆ ಹೋದರೆ ಸಾಕು, ಹೊಟ್ಟೆಯಲ್ಲಿ ಲಾಂಚಿನ ಎಂಜಿನ್ನು ಶುರುವಾಗುತ್ತಿತ್ತು. ನ್ಯೂಫೌಂಡ್‌ಲ್ಯಾಂಡ್ ದ್ವೀಪದ ಬೇರೆ ಊರುಗಳಲ್ಲಿ ಇಂಥವರನ್ನು ಹೇಗೆ ಸಹಿಸಿಕೊಳ್ಳುತ್ತಾರೋ ತಿಳಿಯದು. ನಮ್ಮ ಸ್ಕಿಲೆಟ್ ಕೋವ್‌ನಲ್ಲಿ ಒಲೆಯ ಮೇಲಿನ ಕೆಟಲ್ಲು ಕೆಳಗಿಳಿಯುವುದು ಮತ್ತೆ ನೀರು ತುಂಬಿಸುವುದಕ್ಕೆ ಮಾತ್ರ. ಅಂಥ ಊರಲ್ಲಿ ಚಹಾ ಬೇಡವೆನ್ನುವವನನ್ನು ಜನ ಅರ್ಧ ಗಂಡಸು ಎಂದೇ ಎಣಿಸಿದ್ದರು.

ಎರಡನೆಯ ಕೊರತೆ ಇನ್ನೂ ದೊಡ್ಡದು. ಅವನಿಗೆ ಉಪಕಾರದ ಹುಚ್ಚು. ದ್ರೂಸಿಲಾ ಅತ್ತೆಯ ಹೊಗೆಗೂಡು ಸರಿಮಾಡಲು ಸೂರಿನ ಮೇಲೆ ಹತ್ತಿದವನು ಹೊಗೆಗೂಡಿನ ಸಮೇತ ಕೆಳಗೆ ಬಂದಿದ್ದ. ಗಿಡಿಯನ್ ಮಾವನ ದೋಣಿಗೆ ಬಣ್ಣ ಬಳಿಯಲು ಹೋಗಿ, ಬಣ್ಣ ಒಣಗುವ ಮೊದಲೇ ದೋಣಿಯನ್ನು ಮುಳುಗಿಸಿದ್ದ. (ಅತ್ತೆ, ಮಾವ ಎಂದಿದ್ದಕ್ಕೆ ಸಂಬಂಧ ಹುಡುಕಬೇಡಿ. ನಮ್ಮಲ್ಲಿ ತಲೆ ನರೆತವರೆಲ್ಲ ಇಡೀ ಊರಿಗೇ ಅತ್ತೆ ಮಾವಂದಿರು.) ಹೀಗಾಗಿ ಹೆಡ್ಲಿ ದೂರದಲ್ಲಿ ಬರುವುದು ಕಂಡರೆ ಜನ ಕಿಟಕಿಯಿಂದಲೇ ಕೂಗುತ್ತಿದ್ದರು: "ಎಲ್ಲಾ ಆಗಿದೆ ಹೆಡ್ಲಿ, ಏನೂ ಕೆಲಸ ಇಲ್ಲ!"

ವಯಸ್ಸು ಐವತ್ತು ದಾಟಿ ತಲೆ ಬೋಳಾದರೂ ಅವನಿಗೆ ಮದುವೆಯಾಗಿರಲಿಲ್ಲ. ಮನಸ್ಸೇನೋ ಇತ್ತು, ಅದು ಗುಡ್ಡದ ಮೇಲಿನ ಹಳದಿ ಮನೆಯ ವಿಧವೆ ಮೆಲ್ವೀನಾಳಲ್ಲಿತ್ತು. ಅವಳು ಪಾರ್ಟ್ರಿಜ್ ಎಂಬ ಕಾಡುಹಣ್ಣಿನ ಕಡುಬು ಬೇಯಿಸಿದರೆ ಆ ಹುಳಿಯ ಘಮಲು ಧಕ್ಕೆಯವರೆಗೂ ಇಳಿದು ಬರುತ್ತಿತ್ತು. ಆದರೆ ಅವಳ ಬಾಗಿಲಲ್ಲಿ ಅಡ್ಮಿರಲ್ ಎಂಬ ಕರಿಯ ನಾಯಿ ಮಲಗಿರುತ್ತಿತ್ತು. ಕರುವಿನಷ್ಟು ದೊಡ್ಡದು, ಕಚ್ಚುತ್ತಿರಲಿಲ್ಲ, ಬೊಗಳುತ್ತಿರಲಿಲ್ಲ, ಜೊಲ್ಲು ಸುರಿಸುತ್ತಿತ್ತು. ಹೆಡ್ಲಿ ಬಂದಾಗಲೆಲ್ಲ ಪ್ರೀತಿಯಿಂದ ತೊಡೆಯ ಮೇಲೆ ತಲೆ ಇಡುತ್ತಿತ್ತು. ಆಮೇಲೆ ಹೆಡ್ಲಿ ಎದ್ದು ನಿಂತು ಪ್ರೇಮದ ಮಾತಾಡುವ ಸ್ಥಿತಿಯಲ್ಲಿ ಇರುತ್ತಿರಲಿಲ್ಲ.

ಆ ಬೇಸಿಗೆಯಲ್ಲಿ ಡಾಕ್ಟರ್ ವಿಂಡಬ್ಯಾಂಕ್ ಎಂಬ ಪ್ರೊಫೆಸರರು ಒಂದು ಪೆಟ್ಟಿಗೆ ಕಳಿಸಿದರು. ಅವರು ಆಚೆಯವರು, ಎಂದರೆ ದ್ವೀಪದವರಲ್ಲ, ಟೊರಾಂಟೊ ಕಡೆಯವರು. ಹಳೇ ಊರುಗಳ ಜನರ ವಂಶವಾಹಿಗಳನ್ನು ಓದುವುದು ಅವರ ಕಸುಬು. ಪೆಟ್ಟಿಗೆಯಲ್ಲಿ ಪುಟ್ಟ ಪುಟ್ಟ ಗಾಜಿನ ನಳಿಕೆಗಳಿದ್ದವು. ಒಬ್ಬೊಬ್ಬರೂ ಒಂದೊಂದು ನಳಿಕೆಯ ಗೆರೆಯವರೆಗೆ ಉಗುಳು ತುಂಬಿಸಿ ಕೊಟ್ಟರೆ, ಅದರಲ್ಲಿ ಅವರ ಮುತ್ತಜ್ಜಂದಿರ ಜಾತಕವೆಲ್ಲ ಕಾಣುತ್ತದಂತೆ. ಪಾದ್ರಿ ಆಸ್ಮಂಡರು ಚರ್ಚಿನಲ್ಲಿ ಇದನ್ನು ಸಾರಿ, "ಜ್ಞಾನಕ್ಕಾಗಿ ಉಗುಳೋದರಲ್ಲಿ ಪಾಪ ಇಲ್ಲ" ಎಂದು ಅಭಯ ಕೊಟ್ಟರು. ನಳಿಕೆಗಳನ್ನು ಮನೆಮನೆಯಿಂದ ಒಟ್ಟುಮಾಡಿ ಲಾಂಚಿಗೆ ಹಾಕಲು ಒಬ್ಬರು ಬೇಕಿತ್ತು. ಹೆಡ್ಲಿ ಆಗಲೇ ಎದ್ದು ನಿಂತಿದ್ದ. ಇದರಲ್ಲಿ ಮುಳುಗಿಸಲು ದೋಣಿ ಇಲ್ಲ, ಬೀಳಿಸಲು ಹೊಗೆಗೂಡಿಲ್ಲ ಎಂದು ಯೋಚಿಸಿ ಊರು ಒಪ್ಪಿತು.

ಒಂದೇ ಒಂದು ಷರತ್ತಿತ್ತು: ಉಗುಳುವ ಮುಂಚೆ ಅರ್ಧ ಗಂಟೆ ಏನೂ ತಿನ್ನಬಾರದು, ಏನೂ ಕುಡಿಯಬಾರದು. ಈ ಷರತ್ತು ಬರೆದವರು ಸ್ಕಿಲೆಟ್ ಕೋವ್ ನೋಡಿದವರಲ್ಲ.

ಹೆಡ್ಲಿ ಮೊದಲು ದ್ರೂಸಿಲಾ ಅತ್ತೆಯ ಮನೆಗೆ ಹೋದ. ಎಂಬತ್ತು ದಾಟಿದ ಅತ್ತೆ ಆರನೇ ಲೋಟ ಚಹಾದಲ್ಲಿದ್ದಳು.

"ನಳಿಕೆ ಎಲ್ಲಿ ಅತ್ತೆ?"

"ಅಲ್ಲೇ ಖಾಲಿ ಕೂತಿದೆ ನೋಡಪ್ಪ. ಬೆಳಗಿಂದ ಕಾಯ್ತಾ ಇದೀನಿ. ಅರ್ಧ ಗಂಟೆ ಆಗೋಕ್ ಮುಂಚೆ ಯಾರೋ ಬರ್ತಾರೆ. ಬಂದೋರಿಗೆ ಚಹಾ ಕೊಡಬೇಕು. ಕೊಟ್ಟ ಮೇಲೆ ಜತೇಲಿ ಕುಡಿಯದೆ ಅವರ ಮುಖ ನೋಡ್ತಾ ಕೂರೋಕಾಗುತ್ತಾ? ಅದೂ ಅಲ್ಲದೆ, ಹಲ್ಲು ಹೋದ ಮೇಲೆ ಬಾಯಲ್ಲಿ ಪಸೇನೇ ಇಲ್ಲ ಕಂದಾ." ಅತ್ತೆ ದನಿ ತಗ್ಗಿಸಿದಳು. "ನೀನಂತೂ ಚಹಾ ಮುಟ್ಟಲ್ಲ. ನಿನ್ನ ಬಾಯಿ ಸದಾ ಶುದ್ಧ. ಒಂಚೂರು ನೀನೇ... ಯಾರಿಗೂ ಹೇಳಬೇಡ."

ಹೆಡ್ಲಿಗೆ ತನ್ನ ಕಿವಿಯನ್ನೇ ನಂಬಲಾಗಲಿಲ್ಲ. ಅವನ ಜೀವಮಾನದಲ್ಲೇ ಮೊದಲ ಸಲ ಒಬ್ಬರು ತಾವಾಗಿ ಅವನ ಸಹಾಯ ಕೇಳಿದ್ದರು. ಅದರಲ್ಲಿ ತಪ್ಪೇನೂ ಅವನಿಗೆ ಕಾಣಲಿಲ್ಲ. ನಮ್ಮೂರಲ್ಲಿ ಸೊಂಟ ಹಿಡಿದವರ ಸೌದೆಯನ್ನು ಪಕ್ಕದ ಮನೆಯವರು ಒಡೆದುಕೊಡುತ್ತಾರೆ, ಕಣ್ಣು ಕಾಣದವರ ಬಲೆಯನ್ನು ಎದುರು ಮನೆಯವರು ಹೆಣೆದುಕೊಡುತ್ತಾರೆ. ಬಾಯಿ ಒಣಗಿದವರಿಗೆ ಉಗುಳಿಕೊಡುವುದು ಬೇರೆ ಏನು? ಅವನು ಕಿಟಕಿಯ ಕಡೆ ತಿರುಗಿದ, ಕಣ್ಣು ಮುಚ್ಚಿದ, ಮೆಲ್ವೀನಾಳ ಪಾರ್ಟ್ರಿಜ್ ಕಡುಬನ್ನು ನೆನೆದ. ನಳಿಕೆ ಗೆರೆಯವರೆಗೆ ತುಂಬಿತು.

ಪಕ್ಕದ ಮನೆಯಲ್ಲಿ ಗಿಡಿಯನ್ ಮಾವನ ದವಡೆಯಲ್ಲಿ ಹೊಗೆಸೊಪ್ಪು. ಅದನ್ನು ಅವನು ಮದುವೆಯ ದಿನ ಮಾತ್ರ ಉಗಿದಿದ್ದನಂತೆ. "ಒಂದು ಕೈ ನೋಡು ಮಾರಾಯ. ನಮ್ಮಿಬ್ಬರಲ್ಲೇ ಇರಲಿ." ಅದರಾಚೆ ಮನೆಯವಳಿಗೆ ನಾಚಿಕೆ, ಇನ್ನೊಬ್ಬಳಿಗೆ ನೆಗಡಿ, ಮತ್ತೊಬ್ಬನ ಒಲೆಯ ಮೇಲೆ ಕೆಟಲ್ಲು. ಪ್ರತಿ ಮನೆಯಲ್ಲೂ ಅದೇ ಪಿಸುಮಾತು, ಅದೇ ಆಣೆ. ತಾನೊಬ್ಬಳೇ, ತಾನೊಬ್ಬನೇ ಹೀಗೆ ಕಳ್ಳಾಟ ಆಡಿದ್ದು ಎಂದು ಒಬ್ಬೊಬ್ಬರೂ ನಂಬಿದ್ದರು. ಕೊನೆಗೆ ಪಾದ್ರಿ ಆಸ್ಮಂಡರೇ ಅವನನ್ನು ಚರ್ಚಿನ ಹಿಂದುಗಡೆ ಕರೆದು, "ಸ್ಥಾನದ ಗೌರವ ಅಂತ ಒಂದಿರುತ್ತಲ್ಲ ಹೆಡ್ಲಿ" ಎಂದು ನಳಿಕೆ ಕೈಗಿಟ್ಟು ಆಕಾಶ ನೋಡುತ್ತ ನಿಂತರು. ಹೆಡ್ಲಿ ಮತ್ತೆ ಕಡುಬನ್ನು ನೆನೆದ. ಅವನ ಬಾಯಿ ಕೈಕೊಡಲಿಲ್ಲ.

ಇಡೀ ಊರಲ್ಲಿ ಮೆಲ್ವೀನಾ ಒಬ್ಬಳೇ ತುಂಬಿದ ನಳಿಕೆಯನ್ನು ಕರವಸ್ತ್ರದಲ್ಲಿ ಸುತ್ತಿ ಕೊಟ್ಟಳು. ಕೊಡುವಾಗ ಅವಳ ಮುಖ ಕೆಂಪಾಗಿತ್ತು. ಹೆಡ್ಲಿ ಅದನ್ನು ಪೆಟ್ಟಿಗೆಗೆ ಹಾಕದೆ, ಎದೆಯ ಜೇಬಿನಲ್ಲಿಟ್ಟುಕೊಂಡು ಧಕ್ಕೆಗೆ ಇಳಿದ. ಇನ್ನೇನು ಲಾಂಚು ಬಿಡಬೇಕು, ಪೆಟ್ಟಿಗೆ ದಾಟಿಸಲು ಬಗ್ಗಿದ. ಜೇಬಿನಿಂದ ನಳಿಕೆ ಜಾರಿ ಕಡಲಿಗೆ ಬಿತ್ತು. ಕರವಸ್ತ್ರ ಸ್ವಲ್ಪ ಹೊತ್ತು ತೇಲಿತು. ಲಾಂಚಿನವನು ಬೈಯತೊಡಗಿದ್ದ. ಹೆಡ್ಲಿ ಗಾಬರಿಯಲ್ಲಿ ಉಳಿದಿದ್ದ ಒಂದು ಖಾಲಿ ನಳಿಕೆ ತೆಗೆದು, ಕಡುಬು ನೆನೆದು, ತುಂಬಿಸಿ, ಮೆಲ್ವೀನಾಳ ಹೆಸರು ಬರೆದು ಒಳಗೆ ಹಾಕಿಬಿಟ್ಟ.

ಅಲ್ಲಿಂದ ಹೆಡ್ಲಿ ಬದಲಾದ. ಊರೆಲ್ಲ ಅವನನ್ನು ಕಂಡರೆ ನಗುತ್ತಿತ್ತು; ಗುಟ್ಟು ಗೊತ್ತಿರುವವನನ್ನು ಕಂಡು ನಗದೆ ಏನು ಮಾಡುತ್ತಾರೆ? ಅವನು ಅದನ್ನು ಗೌರವ ಎಂದುಕೊಂಡ. ಎದೆಯುಬ್ಬಿತು. ಆ ಧೈರ್ಯದಲ್ಲೇ ಶರತ್ಕಾಲದ ಒಂದು ಸಂಜೆ ಅಡ್ಮಿರಲ್‌ನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಉಂಗುರ ಮುಂದಿಟ್ಟು ಮೆಲ್ವೀನಾಳನ್ನು ಮದುವೆಯ ಮಾತು ಕೇಳಿಯೇಬಿಟ್ಟ.

"ಆಗಲಿ" ಎಂದಳು ಮೆಲ್ವೀನಾ. "ನೀವು ಚಹಾ ಕುಡೀದಿದ್ರೂ ಪರವಾಗಿಲ್ಲ, ಹೊಗೆಗೂಡು ಬೀಳಿಸಿದ್ರೂ ಪರವಾಗಿಲ್ಲ. ಮುಚ್ಚುಮರೆ ಮಾತ್ರ ನನಗಾಗಲ್ಲ. ನನ್ನ ಹತ್ರ ಏನಾದ್ರೂ ಮುಚ್ಚಿಟ್ಟಿದ್ದು ಗೊತ್ತಾದ ದಿನ ನಿಮ್ಮ ಉಂಗುರ ಕಡಲಿಗೆ."

ಕಡಲು ಎಂದಾಗ ಹೆಡ್ಲಿಗೆ ತೇಲುವ ಕರವಸ್ತ್ರ ಕಣ್ಣಮುಂದೆ ಬಂತು. ಬಾಯಿ ತೆರೆದ. ಅಷ್ಟರಲ್ಲಿ ಅವಳು ಕಡುಬು ತಂದಿಟ್ಟಳು.

ನಮ್ಮಲ್ಲಿ ಮದುವೆಗೆ ಮುಂಚೆ ಮೂರು ಭಾನುವಾರ ಚರ್ಚಿನಲ್ಲಿ ಘೋಷಣೆ ಓದುತ್ತಾರೆ. ಈ ಇಬ್ಬರೂ ಮದುವೆಯಾಗಬಾರದೆನ್ನಲು ಕಾರಣ ಗೊತ್ತಿದ್ದವರು ಎದ್ದು ಹೇಳಬೇಕು. ಯಾರೂ ಹೇಳುವುದಿಲ್ಲ, ಕೆಮ್ಮು ಬಂದವರೂ ತಡೆದುಕೊಳ್ಳುತ್ತಾರೆ. ಎರಡು ಭಾನುವಾರ ಸುಸೂತ್ರವಾಗಿ ಕಳೆದವು. ಮೂರನೆಯದರ ಹಿಂದಿನ ದಿನ, ಶನಿವಾರ, ಲಾಂಚಿನಿಂದ ಡಾಕ್ಟರ್ ವಿಂಡಬ್ಯಾಂಕ್ ಇಳಿದರು.

ಇಳಿದವರು ಗಿಡಿಯನ್ ಮಾವನ ಮುಖ ನೋಡಿದರು. ಬಲೆ ಬಿಡಿಸುತ್ತಿದ್ದ ಹೆಂಗಸರ ಮುಖ ನೋಡಿದರು. "ಅದ್ಭುತ! ಒಬ್ಬರ ಹಾಗೆ ಇನ್ನೊಬ್ಬರಿಲ್ಲ!" ಎಂದು ಕಣ್ಣೊರೆಸಿಕೊಂಡರು. ಮಧ್ಯಾಹ್ನ ಊರನ್ನೆಲ್ಲ ಚರ್ಚಿನ ಸಭಾಂಗಣಕ್ಕೆ ಕರೆಸಿದರು. ಚಹಾ ಹಂಚಿಕೆಯಾಯಿತು.

"ಮಹನೀಯರೇ," ಎಂದರು ಪ್ರೊಫೆಸರರು. "ಮಹಿಳೆಯರೇ ಅನ್ನೋ ಹಾಗಿಲ್ಲ. ಯಾಕಂದ್ರೆ ವೈಜ್ಞಾನಿಕವಾಗಿ ಈ ಊರಲ್ಲಿ ಹೆಂಗಸರೇ ಇಲ್ಲ."

ದ್ರೂಸಿಲಾ ಅತ್ತೆ ಲೋಟ ಕೆಳಗಿಟ್ಟಳು. "ಒಂಬತ್ತು ಹೆತ್ತಿದೀನಪ್ಪ ನಾನು. ಅವನ್ನ ಯಾವ ವಿಜ್ಞಾನದಲ್ಲಿ ಹೆತ್ತೆ?"

"ಅದೇ ಸ್ವಾರಸ್ಯ ತಾಯಿ! ನಿಮ್ಮ ವಂಶವಾಹಿ ಗಂಡಸಿಂದು. ಆದ್ರೂ ಹೆತ್ತಿದೀರಿ! ನನ್ನ ಸಹಾಯಕರು ಏನೋ ಕಲಬೆರಕೆ ಆಗಿದೆ ಅಂದ್ರು. ನಾನು ಬೈದು ಕೂರಿಸಿದೆ. ಕೇಳಿ, ಈ ಊರಲ್ಲಿ ಇರೋರೆಲ್ಲ ವಂಶವಾಹಿ ಲೆಕ್ಕದಲ್ಲಿ ಒಬ್ಬನೇ ಮನುಷ್ಯ! ಅವನಿಗೆ ತಲೆಕೂದಲು ಉದುರಬೇಕು. ಇವರನ್ನ ನೋಡಿ" ಎಂದು ಗಿಡಿಯನ್ ಮಾವನ ಪೊದೆಗೂದಲನ್ನು ಕೈಯಲ್ಲಿ ಹಿಡಿದರು. "ಅವನಿಗೆ ಚಹಾ ಒಗ್ಗಬಾರದು. ನೀವು ಕೊಡಗಟ್ಟಲೆ ಕುಡೀತಾ ಇದೀರಿ! ಇದೆಲ್ಲ ಹೇಗಾಯ್ತು? ಸಂಸ್ಕೃತಿ! ಒಂದೇ ಮೀನು ತಿಂದು, ಒಂದೇ ಕೀರ್ತನೆ ಹಾಡಿ, ಒಂದೇ ಮಂಜಲ್ಲಿ ಕೂತು ನಿಮ್ಮ ವಂಶವಾಹಿಗಳೆಲ್ಲ ಒಂದಾಗಿಬಿಟ್ಟಿವೆ. ಆಮೇಲೆ ಅದೇ ಸಂಸ್ಕೃತಿ ನಿಮಗೆ ಬೇರೆ ಬೇರೆ ಮುಖ, ಬೇರೆ ಬೇರೆ ಕೂದಲು ಕೊಟ್ಟಿದೆ. ಮನುಷ್ಯನ ಸಂಸ್ಕೃತಿ ಪ್ರಕೃತಿನ ಚಿತ್ತು ಮಾಡಿದ ಜಗತ್ತಿನ ಏಕೈಕ ಊರು ಇದು!"

ಬೋಳುತಲೆಯವನೂ ಚಹಾ ಮುಟ್ಟದವನೂ ಊರಿಗೆಲ್ಲ ಒಬ್ಬನೇ. ಒಂದೊಂದೇ ತಲೆ ಹೆಡ್ಲಿಯ ಕಡೆ ತಿರುಗಿತು. ಈಗ ಗಮನಿಸಬೇಕು: ಒಬ್ಬೊಬ್ಬರಿಗೂ ತಮ್ಮ ನಳಿಕೆಯ ಗುಟ್ಟು ಮಾತ್ರ ಗೊತ್ತಿತ್ತು. ಆದ್ದರಿಂದ ಒಬ್ಬೊಬ್ಬರ ತಲೆಯಲ್ಲೂ ಒಂದೇ ವಿಚಾರ ಹೊಳೆಯಿತು. ನನ್ನದು ಹೆಡ್ಲಿಯದು, ಸರಿ. ಮಿಕ್ಕವರದೂ ಹೆಡ್ಲಿಯದರ ಹಾಗೇ ಇದೆಯೆಂದರೆ, ನನ್ನೊಬ್ಬನನ್ನು ಬಿಟ್ಟು ಈ ಊರೆಲ್ಲ ಹೆಡ್ಲಿಯ ರಕ್ತವೇ?

ಗಿಡಿಯನ್ ಮಾವ ಹೊಗೆಸೊಪ್ಪನ್ನು ಇನ್ನೊಂದು ದವಡೆಗೆ ದಾಟಿಸಿದ. "ಹೆಡ್ಲಿ, ನಿಮ್ಮಪ್ಪ ಟಪಾಲು ಹಂಚ್ತಿದ್ದ ಅಲ್ವಾ?"

"ಹೌದು ಮಾವ."

"ಮನೆಮನೆಗೂ ಹೋಗ್ತಿದ್ದ."

"ಟಪಾಲು ಕೊಡಬೇಕಲ್ಲ ಮಾವ!"

"ಟಪಾಲು ಇಲ್ಲದ ಮನೇಲೂ ಬಹಳ ಹೊತ್ತು ಕೂತಿರ್ತಿದ್ದ" ಎಂದು ಹಿಂದಿನಿಂದ ಯಾರೋ ಸೇರಿಸಿದರು. ದ್ರೂಸಿಲಾ ಅತ್ತೆ, "ಆ ಟಪಾಲಿನವನು ಹುಟ್ಟೋಕ್ ಮುಂಚೆ ನಾನು ಹುಟ್ಟಿದ್ದು ಕಣೋ ಮಂಕೇ!" ಎಂದು ಕಿರುಚಿದಳು. ಹತ್ತು ಗಂಡಂದಿರು ಹತ್ತು ಹೆಂಡಂದಿರನ್ನು ದಿಟ್ಟಿಸಿದರು. ಹತ್ತು ಹೆಂಡಂದಿರು ತಮ್ಮ ಅತ್ತೆಯಂದಿರನ್ನು ದಿಟ್ಟಿಸಿದರು. ಪಾದ್ರಿ ಆಸ್ಮಂಡರು ಪಕ್ಕದ ದ್ವೀಪದಲ್ಲಿ ಹುಟ್ಟಿದವರು. ಆದರೂ ಟಪಾಲಿನವನು ಅಲ್ಲಿಗೂ ಹೋಗುತ್ತಿದ್ದನೇ ಎಂದು ಯೋಚಿಸುವಂತೆ ಕಂಡರು.

ಹೆಡ್ಲಿ ಮಾತ್ರ ಮೆಲ್ವೀನಾಳನ್ನು ನೋಡುತ್ತಿದ್ದ. ಅವಳು ಬಿಳಿಚಿಕೊಂಡಿದ್ದಳು. ಅವನ ಮುಖವನ್ನು ಬಹಳ ಹೊತ್ತು ನೋಡಿದಳು. ಕಾಲಬುಡದಲ್ಲಿ ಮಲಗಿದ್ದ ಅಡ್ಮಿರಲ್‌ನ ಮುಖ ನೋಡಿದಳು. ಮತ್ತೆ ಅವನ ಮುಖ, ಮತ್ತೆ ನಾಯಿಯ ಮುಖ. ನಾಯಿಯನ್ನು ಕರೆದುಕೊಂಡು ಹೊರಟುಹೋದಳು.

ಹೆಡ್ಲಿ ಗುಡ್ಡದವರೆಗೂ ಹಿಂದೆಯೇ ಓಡಿದ. "ಮೆಲ್ವೀನಾ, ನಾನೊಂದು ಹೇಳಬೇಕು. ಅಂದ್ರೆ ನಾನು ಹೇಳೋ ಹಾಗಿಲ್ಲ, ಆಣೆ ಇಟ್ಟಿದೀನಿ. ಅಂದ್ರೆ ಬೇರೆಯವರದು ಹೇಳೋ ಹಾಗಿಲ್ಲ. ನಿಂದು ಹೇಳಬಹುದು, ಆದ್ರೆ ನಿಂದು ಹೇಳಿದ್ರೆ ಅವರದೂ ಹೇಳಿದ ಹಾಗೆ."

"ಹೆಡ್ಲಿ, ನಿಮ್ಮ ತಾಯಿ ಕಡೆಯೋರಲ್ಲಿ..." ಎಂದು ಮೆಲ್ವೀನಾ ಶುರುಮಾಡಿ, ನಿಲ್ಲಿಸಿ, "ಬೇಡ, ನಾಳೆ ನೋಡೋಣ" ಎಂದು ಬಾಗಿಲು ಹಾಕಿಕೊಂಡಳು. ತಡವಾಗಿ ಬಂದ ಒಂದೇ ಒಂದು ಸುಖ ಹೀಗೆ ಉಗುಳಿನಲ್ಲಿ ಕೊಚ್ಚಿಹೋಯಿತೆಂದು ಹೆಡ್ಲಿಗೆ ನಿಜವಾಗಿಯೂ ಅಳು ಬಂತು.

ಭಾನುವಾರ ಚರ್ಚಿನಲ್ಲಿ ಜಾಗವಿರಲಿಲ್ಲ. ಸಾಯುವಂತಿದ್ದವರೂ ಅದನ್ನು ಮುಂದೂಡಿ ಬಂದಿದ್ದರು. ಪಾದ್ರಿಗಳು ಮೂರನೆಯ ಘೋಷಣೆ ಓದಿದರು. "...ಇವರಿಬ್ಬರೂ ಮದುವೆಯಾಗಬಾರದು ಎನ್ನಲು ಯಾರಿಗಾದರೂ ಕಾರಣ ತಿಳಿದಿದ್ದರೆ ಈಗಲೇ ಹೇಳತಕ್ಕದ್ದು."

ಡಾಕ್ಟರ್ ವಿಂಡಬ್ಯಾಂಕ್ ಎದ್ದರು. "ಅಡ್ಡಿ ಅಂತಲ್ಲ, ವಿಜ್ಞಾನದ ಒಂದು ಮಾತು. ವರ ಮತ್ತು ವಧು ಅವಳಿ ಮಕ್ಕಳು. ಅವಳಿ ಅನ್ನೋದೂ ಕಡಿಮೆಯೇ. ಈ ಮದುವೇಲಿ ಒಬ್ಬ ಮನುಷ್ಯ ತನ್ನನ್ನ ತಾನೇ ಮದುವೆ ಆಗ್ತಾ ಇದಾನೆ. ನಾನು ಫೋಟೊ ತೆಗೆಯಬಹುದಾ?"

ಹೆಡ್ಲಿ ಬೆಂಚು ಹಿಡಿದುಕೊಂಡು ನಿಂತ. "ಅಡ್ಡಿ ಇದೆ. ಅದು ನಾನೇ. ಮೆಲ್ವೀನಾ, ನಿನ್ನ ನಳಿಕೆ ನನ್ನ ಜೇಬಿಂದ ಜಾರಿ ಕಡಲಿಗೆ ಬಿತ್ತು. ನಿನ್ನ ಹೆಸರಲ್ಲಿ ನಾನು ಉಗುಳಿದೆ. ನಿನ್ನ ಹತ್ರ ಮುಚ್ಚಿಟ್ಟೆ. ಉಂಗುರ ಎಸೀಬೇಕು ಅಂದ್ರೆ ಎಸಿ."

"ಅವಳದು ಸರಿ," ಎಂದರು ಪ್ರೊಫೆಸರರು. "ಮಿಕ್ಕವರದು?"

ಹೆಡ್ಲಿ ತುಟಿ ಬಿಗಿದುಕೊಂಡ. ಆಣೆ ಎಂದರೆ ಆಣೆ. ಊರಿನ ಮುಂದೆ ತಾನೊಬ್ಬನೇ ತಪ್ಪುಗಾರನಾಗಿ ನಿಂತ. ಆ ನಿಲುವು ನೋಡಿ ದ್ರೂಸಿಲಾ ಅತ್ತೆಗೆ ತಡೆಯಲಾಗಲಿಲ್ಲ. ಕೋಲೂರಿ ಎದ್ದಳು.

"ಹೊಗೆಗೂಡು ಬೀಳಿಸಿದಾಗ ಬೈದೆ. ಈಗ ಸುಮ್ಮನಿದ್ರೆ ದೇವರು ಮೆಚ್ಚಲ್ಲ. ನನ್ನ ನಳಿಕೇನೂ ಅವನೇ ತುಂಬಿಸಿದ್ದು. ನಾನೇ ಕೇಳಿದ್ದು."

"ನಿಂದೂನಾ?" ಎಂದು ಗಿಡಿಯನ್ ಮಾವ ಹೊಗೆಸೊಪ್ಪು ನುಂಗಿಬಿಟ್ಟ. "ನಾನೊಬ್ಬನೇ ಅಂದ್ಕೊಂಡಿದ್ದೆ!"

"ನಂದೂ!" "ಅಯ್ಯೋ, ನಂದೂ!" "ನೀನೂನಾ? ನನಗೆ ಹೇಳಲೇ ಇಲ್ವಲ್ಲ!" "ನೀನು ನನಗೆ ಹೇಳಿದ್ಯಾ?" ಬೆಂಚಿನಿಂದ ಬೆಂಚಿಗೆ ಜನ ಏಳತೊಡಗಿದರು. ಟಪಾಲಿನವನ ಆತ್ಮಕ್ಕೆ ಶಾಂತಿ ಸಿಕ್ಕಿತು. ಗಂಡಂದಿರು ಹೆಂಡಂದಿರ ಕೈ ಹಿಡಿದರು. ಕೊನೆಗೆ ಕೂತಿದ್ದವರು ಯಾರೂ ಉಳಿಯಲಿಲ್ಲ. ಪಾದ್ರಿಗಳು ಮೊದಲೇ ನಿಂತಿದ್ದವರು, ಎಲ್ಲರೂ ತಮ್ಮನ್ನೇ ನೋಡುತ್ತಿರುವುದನ್ನು ಕಂಡು ಗಂಟಲು ಸರಿಮಾಡಿಕೊಂಡು, "ಸ್ಥಾನದ ಗೌರವ..." ಎಂದು ತೊಡಗಿ, "ನಂದೂ" ಎಂದು ಮುಗಿಸಿದರು.

ಡಾಕ್ಟರ್ ವಿಂಡಬ್ಯಾಂಕ್ ಕುಸಿದು ಕುಳಿತರು. "ನನ್ನ ಸಿದ್ಧಾಂತ! ಸಂಸ್ಕೃತಿಯಿಂದ ವಂಶವಾಹಿ ಒಂದಾಗಿದ್ದು..."

"ಅದು ಸುಳ್ಳಲ್ಲ ಬಿಡಿ," ಎಂದು ದ್ರೂಸಿಲಾ ಅತ್ತೆ ಅವರ ಬೆನ್ನು ಸವರಿದಳು. "ಒಬ್ಬರಿಗೆ ಆಗದೆ ಹೋದ್ರೆ ಇನ್ನೊಬ್ಬರು ಮಾಡಿಕೊಡೋದು ನಮ್ಮೂರ ಸಂಸ್ಕೃತಿ. ಅದರಿಂದಲೇ ಒಂದಾಗಿದ್ದು. ಬನ್ನಿ, ಚಹಾ ಕುಡೀರಿ."

ಆದರೆ ಹೆಡ್ಲಿಗೆ ಇದೊಂದೂ ಕೇಳಿಸುತ್ತಿರಲಿಲ್ಲ. ಮೆಲ್ವೀನಾ ಉಂಗುರವನ್ನು ಬೆರಳಲ್ಲಿ ತಿರುಗಿಸುತ್ತ ಅವನ ಎದುರಿಗೆ ಬಂದಿದ್ದಳು.

"ಇಡೀ ಊರಿಗೆ ಸಾಕಾಗೋಷ್ಟು ಉಗುಳು ಎಲ್ಲಿಂದ ತಂದ್ರಿ?"

"ನಿನ್ನ ಪಾರ್ಟ್ರಿಜ್ ಕಡುಬು ನೆನೆಸಿಕೊಂಡೆ," ಎಂದ ಹೆಡ್ಲಿ, ನೆಲ ನೋಡುತ್ತ. "ಪ್ರತಿ ನಳಿಕೆಗೂ."

ಮೆಲ್ವೀನಾಳ ಮುಖ ಮತ್ತೆ ಕೆಂಪಾಯಿತು, ಥೇಟು ಅವತ್ತಿನ ಹಾಗೆ. "ನಿಜವಾಗ್ಲೂ ಕಡಲಿಗೆ ಬಿತ್ತಾ ನಂದು?"

"ಬಿತ್ತು."

"ದೇವರು ದೊಡ್ಡವನು!" ಎಂದು ಮೆಲ್ವೀನಾ ಬೆಂಚಿನ ಮೇಲೆ ಧೊಪ್ಪನೆ ಕೂತಳು. "ಅದು ನನ್ನ ಉಗುಳಲ್ಲ ಹೆಡ್ಲಿ. ನಾನು ಅವತ್ತು ಚಹಾ ಕುಡಿದುಬಿಟ್ಟಿದ್ದೆ. ನಿಮ್ಮನ್ನ ಕೇಳೋಕೆ ನಾಚಿಕೆ. ಅಡ್ಮಿರಲ್ ಪಕ್ಕದಲ್ಲೇ ಇತ್ತು, ಬೇಕಾದಷ್ಟು ಸುರಿಸ್ತಾ ಇತ್ತು. ಹಿಡಿದು ತುಂಬಿಸಿಬಿಟ್ಟೆ! ನಿನ್ನೆ ಇವರು ನಿಮ್ಮೆಲ್ಲರದೂ ಒಂದೇ, ನನ್ನದೂ ಅದೇ ಅಂದಾಗ ನನ್ನ ಪರಿಸ್ಥಿತಿ ಹೇಗಾಗಿರಬೇಡ? ರಾತ್ರಿಯೆಲ್ಲ ನಿದ್ದೆ ಇಲ್ಲ. ಮುಚ್ಚುಮರೆ ಬೇಡ ಅಂದೋಳು ನಾನೇ, ಹೋಗಿ ಹೋಗಿ ನನ್ನ ನಾಯಿಯ ಬಂಧುನ ಮದುವೆ ಆಗ್ತಾ ಇದೀನಲ್ಲ ಅಂತ!"

ಚರ್ಚಿನ ಸೂರು ಹಾರಿಹೋಗುವಂತೆ ಊರು ನಕ್ಕಿತು. ಪ್ರೊಫೆಸರರೂ ಮನಸ್ಸಿಲ್ಲದೆ ನಕ್ಕರು. ಆ ನಳಿಕೆ ನೆಟ್ಟಗೆ ತಲುಪಿದ್ದರೆ ತಾನು ಇವತ್ತು ದೇವರ ಮುಂದೆ ಎದ್ದು ನಿಂತು ವಧುವನ್ನು ಏನೆಂದು ಸಾರಬೇಕಿತ್ತು ಎಂಬುದು ಅವರಿಗೆ ಹೊಳೆದಿತ್ತು. ಹೆಡ್ಲಿಯ ಕೈಜಾರಿ ಕೆಟ್ಟದ್ದು ಬಹಳ. ಊರಿನ ಇತಿಹಾಸದಲ್ಲೇ ಕೈಜಾರಿ ಒಳ್ಳೆಯದಾದದ್ದು ಅದೊಂದೇ. ಮೆಲ್ವೀನಾ ಉಂಗುರವನ್ನು ಬೆರಳ ಬುಡಕ್ಕೆ ಒತ್ತಿಕೊಂಡಳು.

ಮಾರನೇ ದಿನವೇ ಸಭಾಂಗಣದಲ್ಲಿ ಹೊಸ ನಳಿಕೆಗಳನ್ನು ಇಟ್ಟರು. ಈ ಸಲ ಪ್ರೊಫೆಸರರು ಒಬ್ಬೊಬ್ಬರ ಎದುರಿಗೂ ಖುದ್ದಾಗಿ ನಿಂತರು. ಊರಿನ ಕೆಟಲ್ಲುಗಳನ್ನೆಲ್ಲ ಪಾದ್ರಿಗಳು ಒಂದು ಕೋಣೆಯಲ್ಲಿ ಹಾಕಿ ಬೀಗ ಜಡಿದಿದ್ದರು. ಜನ ಅರ್ಧ ಗಂಟೆ ಚಹಾ ಇಲ್ಲದೆ, ಬಂಧುಗಳನ್ನು ಕಳೆದುಕೊಂಡವರ ಹಾಗೆ ಕೂತಿದ್ದರು. ದ್ರೂಸಿಲಾ ಅತ್ತೆ ನಳಿಕೆ ಹಿಡಿದು ಎಷ್ಟು ಹೆಣಗಿದರೂ ಗೆರೆಗೆ ಇನ್ನೂ ಒಂದು ಹನಿ ಬಾಕಿ. ಅವಳು ಸೋತ ಕಣ್ಣಿನಿಂದ ಗೋಡೆಯ ಕಡೆ ನೋಡಿದಳು. ಅಲ್ಲಿ ನಿಂತಿದ್ದ ಹೆಡ್ಲಿಗೆ ಕರುಳು ಚುರುಕ್ಕೆಂದಿತು. ಕಣ್ಣು ತಾನಾಗಿ ಮುಚ್ಚಿತು, ಕಡುಬು ನೆನಪಾಯಿತು, ಕಾಲು ಒಂದು ಹೆಜ್ಜೆ ಮುಂದಿಟ್ಟಿತು.

ಮೆಲ್ವೀನಾ ಇದನ್ನು ಮೊದಲೇ ಎಣಿಸಿದ್ದಳು. ಉಪ್ಪುಮೀನಿನ ಜತೆ ಬೇಯಿಸಲು ರಾತ್ರಿಯಿಡೀ ನೆನೆಹಾಕುತ್ತಾರಲ್ಲ, ಬಾಯಿಯ ಪಸೆಯನ್ನೆಲ್ಲ ಹೀರಿಬಿಡುವ ಆ ಕಲ್ಲಿನಂಥ ಒಣ ಬಿಸ್ಕತ್ತನ್ನು ಚೀಲದಿಂದ ತೆಗೆದು, ನೆನೆಹಾಕದೆಯೇ, ಇಡಿಯಾಗಿ ಹೆಡ್ಲಿಯ ಬಾಯಿಗೆ ತುರುಕಿದಳು.

"ಅಗೀರಿ" ಎಂದಳು. "ಮದುವೆ ಆಗೋ ತನಕ ಅಗೀತಾ ಇರಿ."